ಹೂವಿನಂಗಡಿಯ ಆ ಯಜಮಾನಿ ಯಾರು? ವೆರೋನಿಕಾ ಕಾಸ್ತ್ರೋ ಬಗ್ಗೆ ತಿಳಿದವರು ಹೇಳಿ

ಪ್ರಶ್ನೆ: ಸಿಂಧು_ಮಲ್ನಾಡು

ನೆಟ್‌ಫ್ಲಿಕ್ಸ್‌ನಲ್ಲಿ ‘ಲಾ ಕಾಸಾ ದೆ ಲಾಸ್ ಫ್ಲೋರೆಸ್’ ಮೊದಲ ಸೀಸನ್ ನೋಡಿ ಮುಗಿಸಿದೆ. ಮೆಕ್ಸಿಕೋದ ಸಿರಿವಂತರ ಮನೆ, ಹೂವಿನಂಗಡಿ, ಗಂಡನ ಹುಟ್ಟುಹಬ್ಬದ ದಿನವೇ ಆತನ ಇನ್ನೊಬ್ಬಳು ಅಂಗಡಿಯಲ್ಲಿ ನೇಣು ಹಾಕಿಕೊಳ್ಳುವುದು, ಅಲ್ಲಿಂದ ಮನೆಯ ಗುಟ್ಟೆಲ್ಲ ಒಂದೊಂದಾಗಿ ಹೊರಗೆ ಬರುವುದು. ಎಲ್ಲರಿಗಿಂತ ನನ್ನನ್ನು ಹಿಡಿದಿಟ್ಟದ್ದು ಆ ತಾಯಿ ವಿರ್ಹೀನಿಯಾ. ಮರ್ಯಾದೆ ಉಳಿಸಿಕೊಳ್ಳಲು ಏನು ಬೇಕಾದರೂ ಮಾಡುವ ಹೆಂಗಸು, ಆದರೆ ಎಲ್ಲೂ ಕೆಟ್ಟವಳು ಅನ್ನಿಸುವುದಿಲ್ಲ. ನಟಿಯ ಹೆಸರು ವೆರೋನಿಕಾ ಕಾಸ್ತ್ರೋ ಅಂತ ತಿಳಿಯಿತು.

ಹುಡುಕಿದರೆ ‘ಟೆಲಿನೊವೆಲಾಗಳ ರಾಣಿ’ (ಅಂದರೆ ಅಲ್ಲಿನ ಟಿವಿ ಧಾರಾವಾಹಿಗಳ ರಾಣಿ), ‘ಅಳುವಿನ ರಾಣಿ’ ಅಂತೆಲ್ಲ ಬರುತ್ತದೆ. ರಷ್ಯಾದಲ್ಲಿ ಈಕೆಯನ್ನು ನೋಡಲು ಜನ ಮುಗಿಬಿದ್ದಿದ್ದರಂತೆ. ಮೆಕ್ಸಿಕೋ ನಟಿಗೂ ರಷ್ಯಾಕ್ಕೂ ಏನು ಸಂಬಂಧ? ಬರೀ ಅಳುಮುಂಜಿ ಪಾತ್ರಗಳಲ್ಲೇ ಇಷ್ಟು ದೊಡ್ಡ ಹೆಸರು ಬಂತಾ? ಎರಡನೇ ಸೀಸನ್‌ನಲ್ಲಿ ಅವರು ಇಲ್ಲ ಅಂತಲೂ ಯಾರೋ ಹೇಳಿದರು. ಹಳೆಯ ಧಾರಾವಾಹಿಗಳಲ್ಲಿ ಯಾವುದರಿಂದ ಶುರುಮಾಡಲಿ? ನನಗೆ ಸ್ಪ್ಯಾನಿಷ್ ಬರುವುದಿಲ್ಲ.

ಉತ್ತರ: ಡಾಕ್ಟರಮ್ಮ_ದಾವಣಗೆರೆ

ಸಿಂಧು, ಮೊದಲು ಆ ‘ಅಳುಮುಂಜಿ’ ಅನ್ನುವ ಮಾತು ತೆಗೆದುಬಿಡಿ. ಅತ್ತು ಹೆಸರು ಮಾಡಿದಳು ಅನ್ನುವುದು ಆಕೆಯನ್ನು ದೂರದಿಂದ ಕಂಡವರ ಮಾತು. ವೆರೋನಿಕಾ ಕಾಸ್ತ್ರೋಳ ನಿಜವಾದ ಬಲ ಬಾಯಿ. ಎದುರು ಮಾತಾಡುವುದು, ಜಗಳ ಕಾಯುವುದು, ನಕ್ಕು ನಗಿಸುವುದು, ಗಂಟೆಗಟ್ಟಲೆ ಹರಟುವುದು. ಆ ನಗು ಇದ್ದುದರಿಂದಲೇ ಆಕೆ ಅತ್ತಾಗ ಜನ ಎದ್ದು ಕೂತರು. ನಾನಿದನ್ನು ಇಷ್ಟು ಗಟ್ಟಿಯಾಗಿ ಹೇಳಲು ಕಾರಣವಿದೆ, ಮುಂದೆ ಬರುತ್ತದೆ.

ಆಕೆ ಹುಟ್ಟಿದ್ದು 1952ರ ಅಕ್ಟೋಬರ್ 19ರಂದು, ಮೆಕ್ಸಿಕೋ ನಗರದಲ್ಲಿ. ಪೂರ್ತಿ ಹೆಸರು ವೆರೋನಿಕಾ ಹುದಿತ್ ಸಾಯಿನ್ಸ್ ಕಾಸ್ತ್ರೋ. ಕಾಸ್ತ್ರೋ ಅನ್ನುವುದು ತಾಯಿ ಕಡೆಯ ಹೆಸರು, ಮಕ್ಕಳನ್ನು ಸಾಕಿದವಳೂ ತಾಯಿಯೇ. ಹದಿಹರೆಯದಲ್ಲೇ ಹುಡುಗಿ ಕೆಲಸಕ್ಕೆ ಇಳಿದಳು. ಆಗ ಅಲ್ಲಿ ‘ಫೋಟೋನೊವೆಲಾ’ ಅಂತ ಬರುತ್ತಿತ್ತು. ಚಿತ್ರಕಥೆ ಪುಸ್ತಕಗಳ ಹಾಗೆಯೇ, ಆದರೆ ಬಿಡಿಸಿದ ಚಿತ್ರದ ಬದಲು ನಿಜವಾದ ನಟರ ಫೋಟೋ, ಪಕ್ಕದಲ್ಲಿ ಮಾತು. ಅದಕ್ಕೆ ಮುಖ ಕೊಟ್ಟಳು. ಟಿವಿ ಕಾರ್ಯಕ್ರಮಗಳಲ್ಲಿ ಸಣ್ಣಪುಟ್ಟ ಕೆಲಸ ಮಾಡಿದಳು. 1970ರಲ್ಲಿ ‘ಎಲ್ ಎರಾಲ್ದೋ’ ಪತ್ರಿಕೆ ಆಕೆಯನ್ನು ವರ್ಷದ ಮುಖ ಅಂತ ಆರಿಸಿತು. ಇದರ ನಡುವೆ ಅಲ್ಲಿನ ರಾಷ್ಟ್ರೀಯ ವಿಶ್ವವಿದ್ಯಾಲಯದಲ್ಲಿ ಅಂತರರಾಷ್ಟ್ರೀಯ ಸಂಬಂಧಗಳ ವಿಷಯ ಓದಿದ್ದಾಳೆ. ಈ ಒಂದು ಸಂಗತಿ ಆಕೆಯ ಬಗ್ಗೆ ಬರೆಯುವವರು ಯಾಕೋ ಒಂದೇ ಸಾಲಿನಲ್ಲಿ ದಾಟಿಬಿಡುತ್ತಾರೆ.

1974ರ ಡಿಸೆಂಬರ್‌ನಲ್ಲಿ ಮಗ ಕ್ರಿಸ್ತಿಯಾನ್ ಹುಟ್ಟಿದ. ತಂದೆ ಮಾನ್ವೆಲ್ ವಾಲ್ದೆಸ್, ‘ಎಲ್ ಲೋಕೋ’ ಅಂತಲೇ ಹೆಸರಾದ ಹಾಸ್ಯನಟ. ಮದುವೆ ಆಗಲಿಲ್ಲ. ಆಕೆಗೆ ಆಗ ಇಪ್ಪತ್ತೆರಡು ವರ್ಷ. ಕ್ಯಾಥೊಲಿಕ್ ಮನೆತನಗಳ ಊರು, ಕಾಲ 1974. ಆ ಮಗುವಿಗೆ ತನ್ನ ಹೆಸರನ್ನೇ ಕೊಟ್ಟು ಬೆಳೆಸಿದಳು. ಆ ಮಗ ಇವತ್ತು ಕ್ರಿಸ್ತಿಯಾನ್ ಕಾಸ್ತ್ರೋ ಅಂತ ಲ್ಯಾಟಿನ್ ಅಮೆರಿಕದಲ್ಲೆಲ್ಲ ಹೆಸರಾದ ಗಾಯಕ. ಇದು ಗೊಡ್ಡು ಹರಟೆಯ ವಿಷಯ ಅಂದುಕೊಳ್ಳಬೇಡಿ, ಮುಂದಿನ ಮಾತಿಗೆ ಬೇಕು.

1979ರ ಅಕ್ಟೋಬರ್‌ನಲ್ಲಿ ಮೆಕ್ಸಿಕೋದ ಟಿವಿ ಕಂಪನಿ ತೆಲೆವೀಸಾ ‘ಶ್ರೀಮಂತರೂ ಅಳುತ್ತಾರೆ’ ಧಾರಾವಾಹಿ ಶುರುಮಾಡಿತು. ಸ್ಪ್ಯಾನಿಷ್‌ನಲ್ಲಿ ‘ಲೋಸ್ ರೀಕೋಸ್ ತಾಂಬಿಯೆನ್ ಯೋರಾನ್’. ಕತೆಯ ಬೇರು ಕ್ಯೂಬಾದ ಲೇಖಕಿ ಇನೆಸ್ ರೊದೇನಾ, ನಿರ್ಮಾಪಕ ಚಿಲಿ ದೇಶದಿಂದ ಬಂದ ವಾಲೆಂತಿನ್ ಪಿಮ್‌ಸ್ಟೈನ್. ಬಡವರ ಹುಡುಗಿ ಸಿರಿವಂತರ ಮನೆ ಸೇರುವ ಕತೆಯನ್ನು ಒಂದು ಅಚ್ಚಿಗೆ ತಂದು ನಿಲ್ಲಿಸಿದವರು ಇವರಿಬ್ಬರು. ತಂದೆಯನ್ನು ಕಳೆದುಕೊಂಡ ಹಳ್ಳಿ ಹುಡುಗಿ ಮರಿಯಾನಾಳನ್ನು ದೊಡ್ಡ ಮನಸ್ಸಿನ ಸಾಹುಕಾರ ದೋನ್ ಆಲ್ಬೆರ್ತೋ ಮನೆಗೆ ಕರೆತರುತ್ತಾನೆ. ಮಗ ಲೂಯಿಸ್ ಆಲ್ಬೆರ್ತೋ ಕುಡಿತ, ತಿರುಗಾಟದವನು. ರೊಹೇಲಿಯೋ ಗೆರ್ರಾ ಆ ಪಾತ್ರ. ಮುಂದೆ ಏನು ಅಂತ ನೀವೇ ಊಹಿಸಬಹುದು.

ನೀವು ಊಹಿಸಲಾಗದ್ದು ಮೊದಲ ಭಾಗದ ಮರಿಯಾನಾಳನ್ನು. ತಲೆ ಬಾಚುವುದಿಲ್ಲ, ಊಟದ ಮೇಜಿನಲ್ಲಿ ಹೇಗೆ ಕೂರಬೇಕೋ ಗೊತ್ತಿಲ್ಲ, ಮನೆಯೊಡತಿಗೆ ಮುಖದ ಮೇಲೆ ಉತ್ತರ ಕೊಡುತ್ತಾಳೆ. ಅಪ್ಪಟ ತುಂಟಿ. ನಾವು ಮಾಸ್ಕೋದ ಹಾಸ್ಟೆಲ್‌ನಲ್ಲಿ ನೋಡುತ್ತಿದ್ದವರು ಆ ದಿನಗಳಲ್ಲಿ ಹೊಟ್ಟೆ ಹಿಡಿದು ನಗುತ್ತಿದ್ದೆವು. ಆಮೇಲೆ ಮದುವೆ, ಗಂಡನ ಅನುಮಾನ, ಗರ್ಭಿಣಿಯನ್ನು ಬಿಟ್ಟು ಹೋಗುವುದು. ಹೆರಿಗೆಯ ನಂತರ ಬುದ್ಧಿ ಸ್ಥಿಮಿತ ತಪ್ಪಿದ ಸ್ಥಿತಿಯಲ್ಲಿ ಅವಳು ಎಳೆಗೂಸನ್ನು ಬೀದಿಯಲ್ಲಿ ಸಿಕ್ಕ ಒಬ್ಬ ಬಡ ಹೆಂಗಸಿನ ಕೈಗೆ ಕೊಟ್ಟುಬಿಡುತ್ತಾಳೆ. ಎಚ್ಚರ ಬಂದ ಮೇಲೆ ಉಳಿದ ಕತೆಯೆಲ್ಲ ಆ ಮಗನ ಹುಡುಕಾಟ.

ನಾನು ಹೆರಿಗೆ ಡಾಕ್ಟರ್. ಆ ಭಾಗ ನೋಡುವಾಗ ಇನ್ನೂ ವಿದ್ಯಾರ್ಥಿನಿ, ಅದು ಕತೆಗಾರರ ಕಟ್ಟುಕತೆ ಅನ್ನಿಸಿತ್ತು. ಊರಿಗೆ ಬಂದು ಕೆಲಸಕ್ಕೆ ಸೇರಿದ ಮೇಲೆ ಬಾಣಂತಿ ಸನ್ನಿ ಹಿಡಿದವರನ್ನು ಕಣ್ಣಾರೆ ಕಂಡೆ. ಸಾವಿರ ಹೆರಿಗೆಗೆ ಒಂದೋ ಎರಡೋ ಆಗುವ ಕಾಯಿಲೆ ಅದು. ಮಗು ತನ್ನದಲ್ಲ ಅನ್ನುವವರು, ಮಗುವನ್ನು ಯಾರೋ ಕೊಲ್ಲಲು ಬರುತ್ತಿದ್ದಾರೆ ಅಂತ ಬಚ್ಚಿಡುವವರು. ಮನೆಯವರು ಗಾಳಿ ಸೋಕಿದೆ ಅಂತ ಎಲ್ಲೆಲ್ಲೋ ಕರೆದುಕೊಂಡು ಹೋಗಿ, ಕೊನೆಗೆ ನಮ್ಮ ಹತ್ತಿರ ತರುವಷ್ಟರಲ್ಲಿ ಹುಡುಗಿ ಅರ್ಧ ಸೊರಗಿರುತ್ತಿದ್ದಳು. ಅಂಥ ತಾಯಂದಿರನ್ನು ಕಂಡಾಗೆಲ್ಲ ನನಗೆ ನೆನಪಾದದ್ದು ಮರಿಯಾನಾ. ಕಾಸ್ತ್ರೋ ಅಲ್ಲಿ ಅಬ್ಬರಿಸುವುದಿಲ್ಲ. ಅಷ್ಟು ದಿನ ಪಟಪಟ ಮಾತಾಡಿದವಳ ಮುಖದಿಂದ ಮಾತೇ ಇಳಿದುಹೋಗಿರುತ್ತದೆ, ಕಣ್ಣು ತೆರೆದಿದ್ದರೂ ನೋಟ ಇರುವುದಿಲ್ಲ. ಪುಸ್ತಕ ಓದಿ ಮಾಡಿದಳೋ, ಯಾರನ್ನಾದರೂ ನೋಡಿದ್ದಳೋ, ಗಂಡನಿಲ್ಲದೆ ಕೂಸನ್ನು ಎತ್ತಿಕೊಂಡ ತನ್ನದೇ ದಿನಗಳಿಂದ ತೆಗೆದಳೋ. ಕಾಯಿಲೆಯ ಗುರುತು ಮಾತ್ರ ಸರಿಯಾಗಿತ್ತು.

ಈ ಧಾರಾವಾಹಿಗಳ ಕೆಲಸ ಹೇಗೆ ನಡೆಯುತ್ತಿತ್ತು ಅಂತಲೂ ತಿಳಿದುಕೊಳ್ಳಿ. ವಾರಕ್ಕೆ ಐದು ದಿನ ಪ್ರಸಾರ. ಸಂಭಾಷಣೆ ಬಾಯಿಪಾಠ ಮಾಡುವಷ್ಟು ಹೊತ್ತು ಇರುವುದಿಲ್ಲ. ಅದಕ್ಕೇ ಮೆಕ್ಸಿಕೋದಲ್ಲಿ ನಟರ ಕಿವಿಯೊಳಗೆ ‘ಅಪುಂತಾದೋರ್’ ಅನ್ನುವ ಪುಟ್ಟ ಸಾಧನ ಇಡುತ್ತಾರೆ. ಒಳಗೆ ಕೂತ ಒಬ್ಬರು ಸಾಲು ಓದುತ್ತಾ ಹೋಗುತ್ತಾರೆ, ನಟಿ ಅದನ್ನು ಕೇಳಿಸಿಕೊಳ್ಳುತ್ತಲೇ ಹೇಳಬೇಕು, ಎದುರಿನವರ ಮಾತನ್ನೂ ಕೇಳಬೇಕು, ಕ್ಯಾಮೆರಾ ಎಲ್ಲಿದೆ ಅನ್ನುವ ಎಚ್ಚರವೂ ಇರಬೇಕು, ಜೊತೆಗೆ ಅಳಬೇಕು. ಇದನ್ನು ಸುಲಭದ ನಟನೆ ಅನ್ನುವವರು ಒಮ್ಮೆ ಪ್ರಯತ್ನಿಸಿ ನೋಡಲಿ. ಆ ಧಾರಾವಾಹಿಯ ಶೀರ್ಷಿಕೆ ಗೀತೆ ‘ಅಪ್ರೆಂದೀ ಆ ಯೋರಾರ್’ ಹಾಡಿದವಳೂ ಆಕೆಯೇ.

ಈಗ ರಷ್ಯಾ. ನಾನು ಓದಿದ್ದು ಮಾಸ್ಕೋದಲ್ಲಿ, ಪ್ಯಾಟ್ರಿಸ್ ಲುಮುಂಬಾ ಹೆಸರಿನ ವಿಶ್ವವಿದ್ಯಾಲಯ. ಏಷ್ಯಾ, ಆಫ್ರಿಕಾ, ಲ್ಯಾಟಿನ್ ಅಮೆರಿಕದ ಮಕ್ಕಳಿಗೆಂದೇ ಸೋವಿಯತ್ ಸರ್ಕಾರ ಕಟ್ಟಿದ್ದು. 1991ರ ನವೆಂಬರ್‌ನಲ್ಲಿ ಅಲ್ಲಿನ ಮೊದಲನೇ ಚಾನೆಲ್‌ನಲ್ಲಿ ಈ ಧಾರಾವಾಹಿ ಶುರುವಾಯಿತು. ಮೆಕ್ಸಿಕೋದಲ್ಲಿ ಮುಗಿದು ಹತ್ತು ವರ್ಷದ ಮೇಲಾಗಿತ್ತು. ಡಿಸೆಂಬರ್‌ನಲ್ಲಿ ಸೋವಿಯತ್ ಒಕ್ಕೂಟವೇ ಇಲ್ಲವಾಯಿತು. 1992ರ ಜನವರಿ 2ರಂದು ಸರ್ಕಾರ ಬೆಲೆಗಳ ಮೇಲಿನ ಹಿಡಿತ ಬಿಟ್ಟಿತು. ನಮ್ಮ ಸ್ಟೈಪೆಂಡ್ ಕಣ್ಣೆದುರೇ ಕರಗಿತು. ಸಾಸೇಜು, ಬೆಣ್ಣೆ, ಎಲ್ಲದರ ಬೆಲೆ ವಾರ ವಾರಕ್ಕೂ ಬೇರೆ.

ನಮ್ಮ ಹಾಸ್ಟೆಲ್‌ನ ಮಹಡಿಗೆ ಒಬ್ಬ ದೆಜೂರ್ನಾಯಾ ಇದ್ದಳು. ಕೀಲಿಕೈ ನೋಡಿಕೊಳ್ಳುವ, ಹೋಗಿಬರುವವರ ಲೆಕ್ಕ ಇಡುವ ಹೆಂಗಸು, ಅರವತ್ತು ದಾಟಿತ್ತು. ಮನೆಯ ಗಾಜಿನ ಲೋಟಗಳನ್ನು ಒಂದು ಬಟ್ಟೆಯ ಮೇಲೆ ಜೋಡಿಸಿಕೊಂಡು ಮೆಟ್ರೋ ಬಾಗಿಲಲ್ಲಿ ಮಾರಲು ನಿಲ್ಲುತ್ತಿದ್ದಳು. ಆಗ ಅಲ್ಲಿ ಸಾಲಾಗಿ ನಿಂತವರೆಲ್ಲ ಅಂಥವರೇ, ಮೇಷ್ಟರು, ಇಂಜಿನಿಯರು, ಪಿಂಚಣಿಯವರು. ಆದರೆ ಮರಿಯಾನಾ ಬರುವ ಹೊತ್ತಿಗೆ ಟಿವಿ ಮುಂದೆ ಹಾಜರು. ಯಾರು ಕೀಲಿ ಕೇಳಿದರೂ ಮುಗಿಯುವವರೆಗೆ ಕಾಯಬೇಕು. ರಷ್ಯನ್ ಮಾತನ್ನು ಮೂಲ ಧ್ವನಿಯ ಮೇಲೆಯೇ ಓದಿ ಸೇರಿಸಿದ್ದರು, ಕೆಳಗೆ ಸ್ಪ್ಯಾನಿಷ್ ಕೇಳಿಸುತ್ತಿತ್ತು. ಪೆರು, ಬೊಲಿವಿಯಾ ಕಡೆಯ ಹುಡುಗಿಯರು ಆ ಕೆಳಗಿನ ದನಿ ಹಿಡಿದು, ಮರಿಯಾನಾ ನಿಜವಾಗಿ ಬೈದದ್ದು ಇನ್ನೂ ಖಾರವಾಗಿದೆ ಅಂತ ನಮಗೆ ಹೇಳುತ್ತಿದ್ದರು. ಆಗ ಆ ಮಹಡಿಯಲ್ಲಿ ಏಳುತ್ತಿದ್ದ ನಗು ಇದೆಯಲ್ಲ, ಅದಕ್ಕೇ ನಾನು ಆರಂಭದಲ್ಲಿ ಅಷ್ಟು ಗಟ್ಟಿಯಾಗಿ ಹೇಳಿದ್ದು. ಎಲ್ಲ ಬಿದ್ದುಹೋದ ಆ ಚಳಿಗಾಲದಲ್ಲಿ ಜನ ಅವಳ ಕಣ್ಣೀರಿಗೆ ಬರಲಿಲ್ಲ, ಕಣ್ಣೀರು ಅವರ ಹತ್ತಿರವೇ ಬೇಕಾದಷ್ಟಿತ್ತು. ಸಿರಿವಂತರ ಮನೆಯಲ್ಲಿ ನಿಂತು ತಲೆ ತಗ್ಗಿಸದ ಆ ಹುಡುಗಿ ನಾಳೆ ಏನು ಹೇಳುತ್ತಾಳೆ ಅಂತ ಕೇಳಲು ಬಂದರು.

1992ರಲ್ಲಿ ಕಾಸ್ತ್ರೋ ಮಾಸ್ಕೋಗೆ ಬಂದಾಗ ಎಲ್ಲೆಲ್ಲೂ ಜನವೋ ಜನ. ನನಗೆ ಹತ್ತಿರದಿಂದ ನೋಡಲಾಗಲಿಲ್ಲ. ಟಿವಿಯಲ್ಲಿ ಕಂಡೆ. ಅಷ್ಟು ದೊಡ್ಡ ಹೆಂಗಸು ಅಂದುಕೊಂಡಿದ್ದರೆ ಸುತ್ತಲಿನವರ ಭುಜದ ಕೆಳಗೇ ಇದ್ದಾಳೆ, ಅಷ್ಟು ಕುಳ್ಳಿ.

ಇದೇ ಕಾಲಕ್ಕೆ ತೆಲೆವೀಸಾದ ಒಡೆಯ ಎಮಿಲಿಯೋ ಆಸ್ಕಾರಗಾ ಮಿಲ್ಮೋ, 1993ರಲ್ಲಿ, ಒಂದು ಮಾತು ಹೇಳಿದ. ಮೆಕ್ಸಿಕೋದ ಬಡವರು ಎಂದೂ ಮೇಲೇಳುವವರಲ್ಲ, ಅಂಥವರಿಗೆ ಮನರಂಜನೆ ಕೊಟ್ಟು ಅವರ ಕಷ್ಟ ಮರೆಸುವುದೇ ಟಿವಿಯ ಕರ್ತವ್ಯ ಅನ್ನುವ ಅರ್ಥದ್ದು. ಆ ಮಾತು ಓದಿದಾಗ ನನಗೆ ಮೈ ಉರಿದಿತ್ತು, ಈಗಲೂ ಉರಿಯುತ್ತದೆ. ಲೋಟ ಮಾರಿ ಬಂದು ಕೂತ ಆ ಮುದುಕಿ ಏನನ್ನೂ ಮರೆಯಲಿಲ್ಲ. ಕತೆ ಮುಗಿದ ತಕ್ಷಣ ಮರಿಯಾನಾಳ ಗಂಡನಿಗೂ ತನ್ನ ಸರ್ಕಾರಕ್ಕೂ ಒಟ್ಟಿಗೇ ಶಾಪ ಹಾಕುತ್ತಿದ್ದಳು. ಚಾನೆಲ್ ಕಟ್ಟಿದವನು ನೋಡುವವರನ್ನು ಕೀಳಾಗಿ ಕಂಡ, ಆದರೆ ಕಾಸ್ತ್ರೋ ನಟಿಸುವಾಗ ಎಂದೂ ಕೀಳಾಗಿ ಕಾಣಲಿಲ್ಲ. ಆ ವ್ಯತ್ಯಾಸ ಪರದೆಯ ಮೇಲೆ ಕಾಣುತ್ತದೆ.

ಉಳಿದದ್ದು ಬೇಗ ಹೇಳುತ್ತೇನೆ. 1981ರಲ್ಲಿ ‘ಎಲ್ ದೆರೇಚೋ ದೆ ನಾಸೆರ್’. ಆಮೇಲೆ ಅರ್ಜೆಂಟೀನಾ, ಇಟಲಿಗಳಲ್ಲಿ ಹೋಗಿ ಧಾರಾವಾಹಿ ಮಾಡಿದಳು. ಎರಡನೇ ಮಗ ಮಿಶೆಲ್ ಹುಟ್ಟಿದ್ದೂ ಆ ದಶಕದ ಆರಂಭದಲ್ಲೇ. 1987ರಲ್ಲಿ ‘ರೋಸಾ ಸಾಲ್ವಾಹೆ’. ಕೊಳೆಗೇರಿಯ ಗಂಡುಬೀರಿ ಹುಡುಗಿ ಸಿರಿವಂತರ ತೋಟಕ್ಕೆ ಹಣ್ಣು ಕದಿಯಲು ನುಗ್ಗಿ ಸಿಕ್ಕಿಬೀಳುವುದರಿಂದ ಶುರು. ಆಕೆಗೆ ಆಗ ಮೂವತ್ತೈದು, ಹದಿಹರೆಯದವಳ ಪಾತ್ರ, ಆದರೂ ನಂಬುತ್ತೀರಿ. ನಾಯಕ ಗಿಯೆರ್ಮೋ ಕಾಪೆತೀಯೋ. ಈತನೇ ‘ಶ್ರೀಮಂತರೂ ಅಳುತ್ತಾರೆ’ಯಲ್ಲಿ ಆಕೆಯ ಕಳೆದುಹೋದ ಮಗನಾಗಿದ್ದವನು! ಅಲ್ಲಿ ಮಗ, ಇಲ್ಲಿ ಗಂಡ, ಜನ ಎರಡನ್ನೂ ಒಪ್ಪಿಕೊಂಡರು. 1990ರ ‘ಮಿ ಪೆಕೇನ್ಯಾ ಸೊಲೆದಾದ್’ನ ನಿರ್ಮಾಪಕಿಯೂ ತಾನೇ, ತಾಯಿ ಮಗಳು ಎರಡೂ ಪಾತ್ರ ತಾನೇ.

ಆದರೆ ಮೆಕ್ಸಿಕೋದವರನ್ನು ಕೇಳಿದರೆ ಬಹಳ ಮಂದಿ ಮೊದಲು ಹೇಳುವುದು ರಾತ್ರಿಯ ಮಾತುಕತೆ ಕಾರ್ಯಕ್ರಮಗಳನ್ನು. 1988ರ ‘ಮಾಲಾ ನೋಚೆ... ನೋ!’, 1991ರ ‘ಲಾ ಮೊವೀದಾ’. ನೇರ ಪ್ರಸಾರ. ಮುಗಿಯುವ ಹೊತ್ತು ಅಂತ ನಿಗದಿಯೇ ಇಲ್ಲದ ಹಾಗೆ ಸಾಗುತ್ತಿದ್ದವು. ಗಾಯಕ ಹುವಾನ್ ಗಾಬ್ರಿಯೆಲ್ ಬಂದ ರಾತ್ರಿಯಂತೂ ಮಾತು, ಹಾಡು, ಮತ್ತೆ ಮಾತು ಅಂತ ಬೆಳಗಾಗುವವರೆಗೂ ನಡೆಯಿತು. ಕಿವಿಯಲ್ಲಿ ಯಾರೂ ಸಾಲು ಓದಿಕೊಡದ ಕೆಲಸ ಅದು. ಎದುರಿಗೆ ಕೂತವರನ್ನು ದಿಟ್ಟಿಸಿ ನೋಡುತ್ತಾ, ಅವರು ಹೇಳಬಾರದು ಅಂದುಕೊಂಡು ಬಂದದ್ದನ್ನೂ ನಯವಾಗಿ ಹೊರಡಿಸುತ್ತಿದ್ದಳು.

2004ರಲ್ಲಿ ‘ಬಿಗ್ ಬ್ರದರ್ ವಿಐಪಿ’ ನಿರೂಪಣೆ ಮಾಡುತ್ತಿದ್ದಾಗ ಆನೆಯ ಮೇಲೆ ಕೂತು ಬರುವ ದೃಶ್ಯವೊಂದನ್ನು ಇಟ್ಟಿದ್ದರು, ಅಲ್ಲಿಂದ ಬಿದ್ದಳು. ಕತ್ತಿನ ಮೂಳೆಗೆ, ಬೆನ್ನಿಗೆ ಪೆಟ್ಟು. ಶಸ್ತ್ರಚಿಕಿತ್ಸೆಗಳಾದವು, ನೋವು ವರ್ಷಗಟ್ಟಲೆ ಬಿಡಲಿಲ್ಲ. ಕತ್ತಿನ ಹುರಿಯ ಹತ್ತಿರದ ಪೆಟ್ಟು ಅಂದರೆ ಏನು ಅಂತ ನನಗೆ ಗೊತ್ತು. ‘ಲಾ ಕಾಸಾ’ದಲ್ಲಿ ವಿರ್ಹೀನಿಯಾ ಅಷ್ಟು ನೆಟ್ಟಗೆ ನಡೆಯುವುದನ್ನು ನೋಡುವಾಗ ಅದು ನೆನಪಿರಲಿ. 2018ರಲ್ಲಿ ನಿರ್ದೇಶಕ ಮಾನೋಲೋ ಕಾರೋ ಆಕೆಯನ್ನು ಆರಿಸಿದ್ದು ಬೇಕೆಂದೇ. ಹಳೆಯ ಟೆಲಿನೊವೆಲಾದ ಮುಖವನ್ನೇ ತಂದು, ಆ ಕತೆಗಳು ಮುಚ್ಚಿಡುತ್ತಿದ್ದುದನ್ನೆಲ್ಲ ಆ ಮುಖದ ಎದುರೇ ಬಿಚ್ಚಿಟ್ಟ. ಎರಡನೇ ಸೀಸನ್ ಶುರುವಾಗುವಷ್ಟರಲ್ಲಿ ಪಾತ್ರ ತೀರಿಕೊಂಡಿರುತ್ತದೆ, ಆಕೆ ಇಲ್ಲ. 2019ರಲ್ಲಿ ನಿವೃತ್ತಿ ಅಂತ ಹೇಳಿಕೊಂಡಳು. ಆ ಹೊತ್ತಿನ ಖಾಸಗಿ ವಿಷಯಗಳ ಸುದ್ದಿಗಳು ನಿಮಗೆ ಬೇಕಾದಷ್ಟು ಸಿಗುತ್ತವೆ, ನಾನು ಬರೆಯುವುದಿಲ್ಲ. 2022ರ ‘ಕ್ವಾಂದೋ ಸೇಯಾ ಹೋವೆನ್’ ಚಿತ್ರದಲ್ಲಿ ಮತ್ತೆ ಬಂದಳು, ಅಜ್ಜಿಯಾಗಿ.

ಉತ್ತರ: ಕಪಿಲಾ_ತೀರ

ಡಾಕ್ಟರಮ್ಮನವರೇ, ನಿಮ್ಮ ಬರಹ ಓದಿ ಖುಷಿಯಾಯಿತು. ಒಂದು ವಿಷಯದಲ್ಲಿ ಮಾತ್ರ ನನಗೆ ತಕರಾರಿದೆ. ನಾನು ಟೆಕ್ಸಾಸ್‌ನಲ್ಲಿದ್ದೇನೆ, ಜೊತೆಗೆ ಕೆಲಸ ಮಾಡುವವರಲ್ಲಿ ಬಹಳ ಜನ ಮೆಕ್ಸಿಕೋ ಮೂಲದವರು. ಕಾಸ್ತ್ರೋ ಹೆಸರೆತ್ತಿದರೆ ಎಲ್ಲರ ಮುಖ ಅರಳುತ್ತದೆ, ನಿಜ. ಆದರೆ ಮೆಕ್ಸಿಕೋದ ಒವಾಹಾಕಾ ರಾಜ್ಯದ ಒಬ್ಬಾಕೆ ಬೇರೆ ಮಾತು ಹೇಳಿದರು. “ನಮ್ಮಮ್ಮ ಮನೆಗೆಲಸದವಳು. ಟಿವಿಯಲ್ಲಿ ಮನೆಗೆಲಸದ ಹುಡುಗಿಯ ಕತೆ ಬಂದರೆ ಓಡಿ ಬರುತ್ತಿದ್ದಳು. ಬಂದು ನೋಡಿದರೆ ಆ ಬಡ ಹುಡುಗಿಗೆ ಹಸಿರು ಕಣ್ಣು, ಬಿಳಿ ಮೈ. ನಮ್ಮಮ್ಮನ ಹಾಗೆ ಕಾಣುವವಳು ಹಿಂದೆ ಕಾಫಿ ತಟ್ಟೆ ಹಿಡಿದು ನಿಂತಿರುತ್ತಿದ್ದಳು, ಅವಳಿಗೆ ಮಾತೇ ಇರುತ್ತಿರಲಿಲ್ಲ.”

ಆ ಕತೆಗಳಲ್ಲಿ ಬಡತನ ಅಂದರೆ ಮುಖ ತೊಳೆದರೆ ಹೋಗುವ ಮಸಿ. ಮೂಲನಿವಾಸಿಗಳ ಬಣ್ಣ ತೊಳೆದರೆ ಹೋಗುವುದಿಲ್ಲವಲ್ಲ, ಅದಕ್ಕೇ ಅವರು ನಾಯಕಿಯಾಗಲಿಲ್ಲ. ‘ಲಾ ಕಾಸಾ’ ಬಂದ 2018ರಲ್ಲೇ ‘ರೋಮಾ’ ಚಿತ್ರವೂ ಬಂತು. ಒವಾಹಾಕಾದ ತ್ಲಾಹಿಯಾಕೋದ ಯಾಲಿತ್ಸಾ ಅಪಾರಿಸಿಯೋ ಮನೆಗೆಲಸದವಳ ಪಾತ್ರ ಮಾಡಿ ಆಸ್ಕರ್ ನಾಮನಿರ್ದೇಶನ ಪಡೆದರು. ಆಗಲೂ ಅವರ ರೂಪದ ಬಗ್ಗೆ, ಜನಾಂಗದ ಬಗ್ಗೆ ಸ್ವಂತ ದೇಶದವರೇ ಹೊಲಸು ಮಾತಾಡಿದರು. ಅದಕ್ಕೆ ಟೆಲಿನೊವೆಲಾಗಳು ದಶಕಗಟ್ಟಲೆ ಕಣ್ಣಿಗೆ ಮಾಡಿಸಿದ ಅಭ್ಯಾಸವೂ ಕಾರಣ ಅಂತ ನನ್ನ ಅನಿಸಿಕೆ. ಮರಿಯಾನಾ ತಲೆ ತಗ್ಗಿಸಲಿಲ್ಲ ಅಂದಿರಿ. ಆ ಅವಕಾಶ ಯಾವ ಮುಖಕ್ಕೆ ಸಿಗುತ್ತಿತ್ತು ಅನ್ನುವುದನ್ನೂ ಸೇರಿಸಬೇಕು.

ಉತ್ತರ: ಡಾಕ್ಟರಮ್ಮ_ದಾವಣಗೆರೆ

ಸೇರಿಸಲೇಬೇಕು. ನಿಮ್ಮ ಸಹೋದ್ಯೋಗಿಯ ತಾಯಿಯ ಮಾತಿನ ಎದುರು ನಾನು ವಾದ ಮಾಡುವುದಿಲ್ಲ. ಹಾಸ್ಟೆಲ್‌ನಲ್ಲಿದ್ದ ಬೊಲಿವಿಯಾದ ಹುಡುಗಿಯೂ ಅದನ್ನೇ ಹೇಳಿದ್ದಳು. ಅವಳ ಮುಖಚರ್ಯೆ ಅಲ್ಲಿನ ಮೂಲನಿವಾಸಿಗಳಾದ ಆಯ್ಮಾರಾ ಜನರದ್ದು. ಎಲ್ಲರಿಗಿಂತ ಹೆಚ್ಚು ನಗುತ್ತಿದ್ದವಳೂ ಅವಳೇ, ಕತೆ ಮುಗಿದ ಮೇಲೆ, “ನಮ್ಮೂರಲ್ಲಿ ಇಂಥ ಮನೆಗೆ ನನ್ನನ್ನು ಹಿಂಬಾಗಿಲಿಂದ ಕರೆಯುತ್ತಾರೆ” ಅಂದವಳೂ ಅವಳೇ. ಎರಡೂ ಅವಳೊಳಗೆ ಒಟ್ಟಿಗೇ ಇದ್ದವು.

ನಮ್ಮ ಕನ್ನಡ ಧಾರಾವಾಹಿಗಳಲ್ಲಿ ಕಪ್ಪು ಹುಡುಗಿಯ ಕತೆ ಅಂತ ಹೇಳಿ ಬೆಳ್ಳಗಿನವಳಿಗೆ ಬಣ್ಣ ಬಳಿಯುವುದನ್ನು ಕಂಡಾಗ ನನಗೆ ಆ ಹುಡುಗಿ ನೆನಪಾಗುತ್ತಾಳೆ. ಕಾಸ್ತ್ರೋಗೆ ಆ ಪಾತ್ರಗಳು ಸಿಗಲು ಆಕೆಯ ಕಣ್ಣಿನ ಬಣ್ಣ ದಾರಿ ಮಾಡಿತು, ಅದು ನಿಜ. ಸಿಕ್ಕ ಮೇಲೆ ಆ ಪಾತ್ರದೊಳಗೆ ಆಕೆ ದುಡಿದದ್ದೂ ನಿಜ. ಒಂದನ್ನು ಹೇಳಿ ಇನ್ನೊಂದನ್ನು ಅಳಿಸಬಾರದು ಅಷ್ಟೇ.

ಉತ್ತರ: ಮೇಷ್ಟ್ರು_ಧಾರವಾಡ

ನಾನು ಪತ್ರಿಕೋದ್ಯಮ ಪಾಠ ಮಾಡುವವನು. ಕಾಸ್ತ್ರೋ ಬಗ್ಗೆ ಡಾಕ್ಟರಮ್ಮ ಬರೆದದ್ದಕ್ಕೆ ಸೇರಿಸುವುದು ಏನೂ ಇಲ್ಲ. ಆದರೆ ಮೆಕ್ಸಿಕೋದ ಟೆಲಿನೊವೆಲಾಕ್ಕೂ ನಮ್ಮ ಮನೆಯ ಟಿವಿಗೂ ಇರುವ ನಂಟನ್ನು ಯಾರೂ ಎತ್ತಲಿಲ್ಲವಲ್ಲ ಅಂತ ಬರೆಯುತ್ತಿದ್ದೇನೆ.

ಅಲ್ಲಿ ದಿನವಹಿ ಧಾರಾವಾಹಿ ಶುರುವಾದದ್ದು 1958ರಲ್ಲಿ, ‘ಸೆಂದಾ ಪ್ರೊಹಿಬೀದಾ’ದಿಂದ. ಬರೆದವರು ಫೆರ್ನಾಂದಾ ವಿಯೇಲಿ. ಹಣ ಹಾಕಿದ್ದು ಕೋಲ್ಗೇಟ್-ಪಾಮೋಲಿವ್, ಸಾಬೂನು ಮಾರುವವರು. ಮುಖ್ಯ ಪಾತ್ರ ಸಿಲ್ವಿಯಾ ದೆರ್ಬೆಸ್ ಅವರದು, ಇನ್ನೊಬ್ಬಳ ಗಂಡನ ಹಿಂದೆ ಬಿದ್ದ ಹೆಣ್ಣಿನ ಪಾತ್ರ. ಅಂದರೆ ಮೊದಲ ನಾಯಕಿ ಅಳುವವಳಲ್ಲ, ಅಳಿಸುವವಳು.

ಎಪ್ಪತ್ತರ ದಶಕದಲ್ಲಿ ಅದೇ ತೆಲೆವೀಸಾದಲ್ಲಿ ಮಿಗೆಲ್ ಸಾಬಿದೋ ಅನ್ನುವವರು ಒಂದು ಪ್ರಯೋಗ ಮಾಡಿದರು. ಕತೆಯ ಸ್ವಾರಸ್ಯ ಕೆಡದ ಹಾಗೆ ಸಮಾಜಕ್ಕೆ ಬೇಕಾದ ವಿಷಯ ಸೇರಿಸುವುದು. ಒಳ್ಳೆಯವಳು, ಕೆಟ್ಟವಳು, ಇವರಿಬ್ಬರ ನಡುವೆ ತೊಳಲಾಡುತ್ತಾ ನಿಧಾನವಾಗಿ ಬದಲಾಗುವ ಮೂರನೆಯವಳು. ನೋಡುವವರು ತಮ್ಮನ್ನು ಕಾಣುವುದು ಆ ಮೂರನೆಯವಳಲ್ಲಿ. 1975ರಲ್ಲಿ ‘ವೆನ್ ಕೊನ್‌ಮೀಗೋ’ ವಯಸ್ಕರ ಸಾಕ್ಷರತೆಗೆ, 1977ರಲ್ಲಿ ‘ಅಕೊಂಪಾನ್ಯಾಮೆ’ ಕುಟುಂಬ ಯೋಜನೆಗೆ. ಎಂಬತ್ತರ ದಶಕದ ಆರಂಭದಲ್ಲಿ ನಮ್ಮ ವಾರ್ತಾ ಮತ್ತು ಪ್ರಸಾರ ಮಂತ್ರಿ ವಸಂತ ಸಾಠೆ ಮೆಕ್ಸಿಕೋಗೆ ಹೋದಾಗ ಈ ಕೆಲಸ ಕಂಡು ಬಂದರು. ಅದರ ಫಲ ‘ಹಮ್ ಲೋಗ್’. ಬರೆದವರು ಮನೋಹರ ಶ್ಯಾಮ ಜೋಶಿ, 1984ರ ಜುಲೈ 7ರಂದು ದೂರದರ್ಶನದಲ್ಲಿ ಶುರುವಾಯಿತು. ಪ್ರತಿ ಕಂತಿನ ಕೊನೆಗೆ ಅಶೋಕ್ ಕುಮಾರ್ ಬಂದು ಮಾತಾಡುತ್ತಿದ್ದರಲ್ಲ, ಆ ರೂಢಿಯ ಮೂಲವೂ ಸಾಬಿದೋ ಅವರ ವಿಧಾನದಲ್ಲೇ ಇತ್ತು.

ಧಾರವಾಡದ ಓಣಿಯಲ್ಲಿ ಒಂದು ಟಿವಿ ಇದ್ದ ಮನೆಯ ಕಟ್ಟೆ ತುಂಬ ಕೂತು ನಾವು ಹಿಂದಿ ಅರ್ಧಂಬರ್ಧ ತಿಳಿಯುತ್ತಾ ನೋಡಿದ ‘ಹಮ್ ಲೋಗ್’ನ ಆ ಬಡಕಿ, ಛುಟಕಿ, ಮಝಲಿ ಅಕ್ಕತಂಗಿಯರ ಕತೆಗೆ ಹಾಕಿದ ಅಳತೆ ಮೆಕ್ಸಿಕೋದ್ದು. ಒಂದೇ ವ್ಯತ್ಯಾಸ ನನಗೆ ದೊಡ್ಡದಾಗಿ ಕಾಣುತ್ತದೆ. ಟೆಲಿನೊವೆಲಾಕ್ಕೆ ಕೊನೆ ಇದೆ. ಕೆಲವು ತಿಂಗಳು ನಡೆದು ಮುಗಿಯುತ್ತದೆ, ನಟಿ ಮುಂದಿನ ಪಾತ್ರಕ್ಕೆ ಹೋಗುತ್ತಾಳೆ. ನಮ್ಮಲ್ಲಿ ಟಿಆರ್‌ಪಿ ಇರುವವರೆಗೂ ಎಳೆಯುತ್ತಾರೆ. ಒಬ್ಬ ಹುಡುಗಿ ಇಪ್ಪತ್ತಕ್ಕೆ ಸೊಸೆಯಾಗಿ ಒಳಗೆ ಹೋದರೆ ಹೊರಗೆ ಬರುವ ಹೊತ್ತಿಗೆ ಜನ ಅವಳನ್ನು ಬೇರೆ ಯಾವ ರೂಪದಲ್ಲೂ ಒಪ್ಪುವುದಿಲ್ಲ. ಕಾಸ್ತ್ರೋ ಹತ್ತು ವರ್ಷದಲ್ಲಿ ಮರಿಯಾನಾ, ರೋಸಾ, ಸೊಲೆದಾದ್ ಆಗಿ, ನಡುವೆ ರಾತ್ರಿ ಕಾರ್ಯಕ್ರಮವನ್ನೂ ನಡೆಸಲು ಸಾಧ್ಯವಾದದ್ದು ಆ ‘ಕೊನೆ’ ಇದ್ದುದರಿಂದ. ನಮ್ಮ ಕಿರುತೆರೆಯ ಹುಡುಗಿಯರಿಗೂ ಅದು ಸಿಕ್ಕಬೇಕು ಅಂತ ನನ್ನ ಆಸೆ.

ಪ್ರತಿಕ್ರಿಯೆ: ಸಿಂಧು_ಮಲ್ನಾಡು

ಇಷ್ಟೆಲ್ಲ ಸಿಗುತ್ತದೆ ಅಂದುಕೊಂಡಿರಲಿಲ್ಲ, ಎಲ್ಲರಿಗೂ ಧನ್ಯವಾದ. ಡಾಕ್ಟರ್ ಮೇಡಂ, ಬಾಣಂತಿ ಸನ್ನಿಯ ಭಾಗವನ್ನು ಅಮ್ಮನಿಗೆ ಓದಿ ಹೇಳಿದೆ. ನಮ್ಮ ದೊಡ್ಡಮ್ಮನೊಬ್ಬರಿಗೆ ಹಾಗೆಯೇ ಆಗಿತ್ತಂತೆ, ಮನೆಯಲ್ಲಿ ಯಾರೂ ಆ ಮಾತು ಎತ್ತುತ್ತಿರಲಿಲ್ಲವಂತೆ. ಇವತ್ತು ಮೊದಲ ಸಲ ಹೇಳಿದರು. ಈಗ ಅಮ್ಮನೂ ಜೊತೆಗೆ ಕೂತು ನೋಡುತ್ತೇನೆ ಅನ್ನುತ್ತಿದ್ದಾರೆ. ಅವರಿಗೆ ಇಂಗ್ಲಿಷ್ ಅಕ್ಷರ ಓದುವುದು ನಿಧಾನ. ಯಾವುದು ಹಾಕಲಿ?

ಉತ್ತರ: ಡಾಕ್ಟರಮ್ಮ_ದಾವಣಗೆರೆ

ನಿಮ್ಮ ದೊಡ್ಡಮ್ಮನ ವಿಷಯ ಅಮ್ಮ ಹೇಳಿದ್ದು ಒಳ್ಳೆಯದಾಯಿತು. ಒಂದು ಮುಖ್ಯ ಮಾತು, ಮನೆಯಲ್ಲಿ ಒಬ್ಬರಿಗೆ ಆಗಿದ್ದರೆ ಹತ್ತಿರದ ರಕ್ತಸಂಬಂಧಿಗಳಿಗೆ ಅದರ ಸಾಧ್ಯತೆ ಸ್ವಲ್ಪ ಹೆಚ್ಚು. ನಿಮಗೋ ಅಕ್ಕತಂಗಿಯರಿಗೋ ಹೆರಿಗೆ ಆಗುವಾಗ ಡಾಕ್ಟರಿಗೆ ಈ ವಿಷಯ ಮೊದಲೇ ಹೇಳಿ. ಗುಣವಾಗುವ ಕಾಯಿಲೆ ಅದು, ಬೇಗ ಗುರುತಿಸಬೇಕು. ಬಾಣಂತಿಗೆ ನಿದ್ದೆಯೇ ಬಾರದೆ, ಇಲ್ಲದ್ದು ಕಾಣಿಸುವುದು ಕೇಳಿಸುವುದು ಅಂತ ಶುರುವಾದರೆ ಅದೇ ದಿನ ಆಸ್ಪತ್ರೆಗೆ ಕರೆತರಬೇಕು.

ಅಮ್ಮನ ಜೊತೆಗಾದರೆ ‘ರೋಸಾ ಸಾಲ್ವಾಹೆ’ಯಿಂದ ಶುರುಮಾಡಿ. ಮೊದಲ ಕಂತುಗಳಲ್ಲಿ ಭಾಷೆ ಬಾರದಿದ್ದರೂ ಎಲ್ಲ ತಿಳಿಯುತ್ತದೆ, ಗೋಡೆ ಹಾರುವುದು, ಹಣ್ಣು ಕದಿಯುವುದು, ಆ ಮನೆಯ ಅಕ್ಕಂದಿರ ಮುಖ ಗಂಟಾಗುವುದು. ಅಮ್ಮನಿಗೆ ನೀವು ಓದಿ ಹೇಳುವುದಾದರೆ ಪ್ರತಿ ಸಾಲೂ ಬೇಡ, ಆಗಾಗ ನಿಲ್ಲಿಸಿ ಏನಾಯಿತು ಅಂತ ಹೇಳಿ ಸಾಕು. ಹಾಸ್ಟೆಲ್‌ನಲ್ಲಿ ರಷ್ಯನ್ ಸರಿಯಾಗಿ ಬಾರದ ಹೊಸಬರಿಗೆ ನಾವು ಹಾಗೆಯೇ ಮಾಡುತ್ತಿದ್ದೆವು. ಆಮೇಲೆ ‘ಶ್ರೀಮಂತರೂ ಅಳುತ್ತಾರೆ’. ಚಿತ್ರ ಹಳೆಯದು, ಮಸುಕು. ಹೆಚ್ಚಿನದೆಲ್ಲ ಸ್ಟುಡಿಯೋದೊಳಗೆ ತೆಗೆದದ್ದು, ಬಾಗಿಲು ಹಾಕಿದರೆ ಗೋಡೆ ಅಲುಗಾಡುತ್ತದೆ. ನಡುವಿನ ಕಂತುಗಳು ಬೇಸರ ತರಿಸಿದರೆ ದಾಟಿಸಿ, ತಪ್ಪೇನಿಲ್ಲ. ಆದರೆ ಮಗ ಬೇತೋ ದೊಡ್ಡವನಾಗಿ ಅದೇ ಮನೆಗೆ ಬರುವ ಭಾಗದಿಂದ ಒಂದನ್ನೂ ಬಿಡಬೇಡಿ. ಅವನು ತನ್ನ ಮಗ ಅಂತ ಅವಳೊಬ್ಬಳಿಗೇ ಗೊತ್ತು, ಗಂಡನಿಗೆ ಬೇರೆಯೇ ಅನುಮಾನ, ಬಾಯಿಬಿಟ್ಟು ಹೇಳುವ ಹಾಗಿಲ್ಲ. ಅಷ್ಟು ಮಾತುಗಾರ್ತಿಯ ಬಾಯಿ ಕಟ್ಟಿಹಾಕಿದರೆ ಏನಾಗುತ್ತದೆ ಅಂತ ಕಾಸ್ತ್ರೋ ಅಲ್ಲಿ ತೋರಿಸಿದ್ದಾಳೆ. ನೋಡಿದ ಮೇಲೆ ಅಮ್ಮ ಏನಂದರು ಅಂತ ಇಲ್ಲೇ ಬರೆಯಿರಿ, ನಾನು ಕಾಯುತ್ತಿರುತ್ತೇನೆ.